ಪೇಚಿನ ಮೂಲ

ಸವಣೂರಿನ ಬಜಾರದಲ್ಲಿ ಕರೀಮಸಾಬರ ರುಮಾಲಿನ ಅಂಗಡಿ ಎಲ್ಲಿ ಎಂದು ಕೇಳಿದರೆ ಯಾರಾದರೂ ಕೈಮಾಡಿ ತೋರಿಸುತ್ತಾರೆ. ಅವರ ಮೊಮ್ಮಗ ತನ್ವೀರ ಎಲ್ಲಿ ಎಂದು ಕೇಳಿದರೆ ಮಾತ್ರ, "ಗಾದಿ ಮ್ಯಾಲೆ ಕುಂತಿರ್ತಾನ, ಆದ್ರ ಅಂಗಡ್ಯಾಗ ಇರೂದಿಲ್ಲ" ಅನ್ನುತ್ತಾರೆ. ಅದು ನಿಜವೇ. ತನ್ವೀರನ ತೊಡೆಯ ಮೇಲೆ ಸದಾ ಒಂದು ಅನುವಾದಿತ ಕಾದಂಬರಿ ಬಿದ್ದುಕೊಂಡಿರುತ್ತಿತ್ತು. ಗಿರಾಕಿ ಹಳದಿ ರುಮಾಲು ಕೇಳಿದರೆ ಬಿಳಿಯದನ್ನು ಕೊಡುತ್ತಿದ್ದ. ಆ ಹೊತ್ತಿಗೆ ಅವನು ಯಾವುದೋ ಹಿಮ ಬೀಳುವ ಊರಿನ ಬೀದಿಯಲ್ಲಿ, ಯಾರನ್ನೋ ಕೊಲ್ಲಬೇಕೋ ಬೇಡವೋ ಎಂದು ಯೋಚಿಸುತ್ತ ನಡೆಯುತ್ತಿದ್ದ. ಒಂದು ಬೇಸಿಗೆಯಲ್ಲಿ ಅಂಥ ನಾಯಕರ ಹಾಗೆ ಕಾಣಬೇಕೆಂದು ಹುಬ್ಬಳ್ಳಿಯಿಂದ ಮೊಣಕಾಲು ಮುಟ್ಟುವ ಕರಿ ಕೋಟು ತಂದು ಹಾಕಿಕೊಂಡ. ನಾಯಕರಿಗೆ ಅಸ್ತಿತ್ವದ ಬೇಗುದಿ ಬರುತ್ತಿತ್ತು, ಇವನಿಗೆ ಬೆವರುಗುಳ್ಳೆ ಬಂತು.

ಹುಬ್ಬಳ್ಳಿಯ ಒಂದು ವಾರಪತ್ರಿಕೆಗೆ ಅವನು ಪದಗಳ ಹುಟ್ಟಿನ ಬಗ್ಗೆ ಪುಟ್ಟ ಲೇಖನಗಳನ್ನು ಬರೆಯುತ್ತಿದ್ದ. ಅವನ್ನು ಓದುವವರು ಇಬ್ಬರೇ, ಅವನು ಮತ್ತು ಅಚ್ಚಿನ ತಪ್ಪು ತಿದ್ದುವವರು. ಎರಡನೆಯವರಿಗೆ ಬೇರೆ ದಾರಿ ಇರಲಿಲ್ಲ. ಈ ಸಲ ಅವನು ಹಿಡಿದ ಪದ 'ಪೇಚು'.

ಅದನ್ನು ಹಿಡಿಯಲು ಕಾರಣ ಅಂಗಡಿಯಲ್ಲಿ ನಡೆದ ಒಂದು ಜಗಳ. ಕರೀಮಸಾಬರು ಮದುಮಗನೊಬ್ಬನಿಗೆ ರುಮಾಲು ಸುತ್ತುತ್ತ, ಒಂದೊಂದು ಸುತ್ತಿಗೂ "ಇದು ಒಂದನೇ ಪೇಚು, ಇದು ಎರಡನೇದು" ಎಂದು ಎಣಿಸುತ್ತಿದ್ದರು. ಅಲ್ಲೇ ಕುಳಿತಿದ್ದ ಖಲಂದರ, ತನ್ವೀರನ ಬಾಲ್ಯದ ಗೆಳೆಯ, ಈಗ ಈ ಭಾಗದ ಹೆಸರಾದ ಪೈಲ್ವಾನ, ನಕ್ಕ.

"ಅಜ್ಜಾರ, ಪೇಚು ಇರೂದು ಕುಸ್ತ್ಯಾಗ. ಡಾವು, ಪೇಚು. ನೀವು ತಲಿ ಬಟ್ಟಿಗೆ ಯಾಕ ಅದನ್ನ ಸುತ್ತಾಕತ್ತೀರಿ?"

"ನಿಮ್ಮ ಕುಸ್ತಿ ಹುಟ್ಟೂದಕ್ಕ ಮದಲ ಮನಷ್ಯಾನ ತಲಿ ಇತ್ತೋ ಇಲ್ಲೋ?" ಎಂದರು ಕರೀಮಸಾಬರು. "ತಲಿ ಇತ್ತಂದ್ರ ರುಮಾಲು ಇತ್ತು. ರುಮಾಲು ಇತ್ತಂದ್ರ ಪೇಚು ಇತ್ತು. ನಡಿ, ಆಚೆ ಸರಿ, ಬೆಳಕ ಬಿಡು."

ತನ್ವೀರ ನಿಘಂಟು ತೆರೆದ. ಪಾರಸಿ ಮಾತು. ತಿರುಚು, ಸುತ್ತು, ಬಳುಕು ಎಂದು ಮೂಲಾರ್ಥ. ಅಲ್ಲಿಂದ ರುಮಾಲಿನ ಸುತ್ತಿಗೆ, ಪೈಲ್ವಾನನ ಹಿಡಿತಕ್ಕೆ, ಗಾಳಿಪಟದ ದಾರ ದಾರಕ್ಕೆ ತೊಡರಿಕೊಳ್ಳುವುದಕ್ಕೆ, ಮರದಲ್ಲಿ ಇಳಿಯುವ ತಿರುಪು ಮೊಳೆಗೆ, ಕೊನೆಗೆ ಕನ್ನಡದವರು ಸಾಲ, ಸಂಸಾರ, ಚುನಾವಣೆಗಳಲ್ಲಿ ಸಿಕ್ಕಿಬೀಳುವ ಸ್ಥಿತಿಗೂ ಅದೇ ಹೆಸರು. ಎಲ್ಲರೂ ಒಂದೇ ತಾಯಿಯ ಮಕ್ಕಳು, ಯಾರು ಮೊದಲು ಹುಟ್ಟಿದರೆಂದು ತಾಯಿ ಹೇಳುವುದಿಲ್ಲ. ತನ್ವೀರನಿಗೆ ನಿರಾಸೆಯಾಯಿತು. 'ಜಗತ್ತಿನ ಎಲ್ಲ ಹೋರಾಟಗಳೂ ಒಂದು ತಲೆಯ ಬಟ್ಟೆಯಿಂದ ಆರಂಭವಾದವು' ಎಂಬ ವಾಕ್ಯವನ್ನು ಅವನು ಆಗಲೇ ಬರೆದಿಟ್ಟಿದ್ದ. ವಾಕ್ಯ ಚೆನ್ನಾಗಿತ್ತು. ಅದಕ್ಕೆ ತಕ್ಕ ಸತ್ಯವೊಂದು ಬೇಕಾಗಿತ್ತು, ಅಷ್ಟೇ.

ಸತ್ಯ ಸಿಗಬಹುದೆಂದು ಪಂಚಮಿ ಹಬ್ಬದ ಮರುದಿನ ಖಲಂದರನ ಬೈಕಿನ ಹಿಂದೆ ಕುಳಿತು ಹತ್ತಿಮತ್ತೂರಿನ ಕುಸ್ತಿ ಕಣಕ್ಕೆ ಹೋದ. ಹಾನಗಲ್ಲು, ಶಿಗ್ಗಾವಿ, ಹಿರೇಕೆರೂರಿನ ಪೈಲ್ವಾನರೆಲ್ಲ ಸೇರುತ್ತಾರೆ, ಅವರ ಬಾಯಲ್ಲಿ ಪದ ಹೇಗೆ ಹೊರಳುತ್ತದೆ ಎಂದು ಮೊಬೈಲಿನಲ್ಲಿ ಹಿಡಿದುಕೊಳ್ಳಬಹುದು ಎಂಬುದು ಅವನ ಲೆಕ್ಕ.

ಕಣದ ಸುತ್ತ ಜನ ಕಿಕ್ಕಿರಿದಿದ್ದರು. ಕೆಮ್ಮಣ್ಣಿಗೆ ಎಣ್ಣೆ, ಮಜ್ಜಿಗೆ, ಅರಿಷಿಣ ಹಾಕಿ ಹದ ಮಾಡಿದ್ದರು. ಹಲಗೆಯ ಬಡಿತ ಎದೆಯೊಳಗೇ ಕೇಳುತ್ತಿತ್ತು. ಖಲಂದರ ಲಂಗೋಟಿ ಬಿಗಿಯಲು ಹೋದ. ತನ್ವೀರ ಮೊಬೈಲು ಹಿಡಿದು ಜನರನ್ನು ಸರಿಸುತ್ತ ಮುಂದೆ ಬಂದವನು ಕಣದ ಅಂಚಿನಲ್ಲಿ ನಿಂತ. ಅವನ ಕಾಲ ಬಳಿ ನೆಲದ ಮೇಲೆ ಉದ್ದಕ್ಕೆ ಹಾಸಿದ ಒಂದು ಕೇಸರಿ ರುಮಾಲು ಇತ್ತು.

ಇಲ್ಲಿ ತನ್ವೀರನ ಬೆರಳುಗಳ ಬಗ್ಗೆ ಹೇಳಬೇಕು. ಅವನ ತಲೆ ಯಾವ ದೇಶದಲ್ಲಿದ್ದರೂ ಬೆರಳುಗಳು ಅಂಗಡಿಯಲ್ಲೇ ಬೆಳೆದವು. ಬಟ್ಟೆ ಕಂಡರೆ ಅಂಚನ್ನು ಹೆಬ್ಬೆರಳು, ತೋರುಬೆರಳ ನಡುವೆ ಹಿಡಿದು ಒಮ್ಮೆ ತಿಕ್ಕಿ ನೋಡಲೇಬೇಕು. ಮದುವೆಗೆ ಹೋದರೆ ವರನ ರುಮಾಲು ತಿಕ್ಕುತ್ತಿದ್ದ. ದೂರದ ನೆಂಟರೊಬ್ಬರ ಮಯ್ಯತ್ತಿಗೆ ಹೋದಾಗ ಹೆಣಕ್ಕೆ ಹೊದಿಸಿದ ಕಫನಿನ ಅಂಚು ತಿಕ್ಕಿ ನೋಡಿ, ಅಲ್ಲಿದ್ದ ಹಿರಿಯರಿಂದ ಮುಂಗೈಗೆ ಏಟು ತಿಂದಿದ್ದ. ಈಗಲೂ ಅವನು ಬಾಗಿದ. ಹಳೆಯ ಕೈಮಗ್ಗದ ಬಟ್ಟೆ, ಈಗ ಬರುವುದೇ ಇಲ್ಲ. ಎಳೆ ಎಷ್ಟು ಸಣ್ಣಗಿದೆ ನೋಡೋಣವೆಂದು ರುಮಾಲನ್ನು ಎತ್ತಿ ಬೆಳಕಿಗೆ ಹಿಡಿದ.

ಹಲಗೆ ನಿಂತಿತು. ಜನ ನಿಂತರು. ಮತ್ತೆ ಹಲಗೆ ಮೊದಲಿಗಿಂತ ಎರಡು ಪಟ್ಟು ಜೋರಾಗಿ ಹೊಡೆದುಕೊಳ್ಳತೊಡಗಿತು. ಎಲ್ಲೆಡೆಯಿಂದ ಶಿಳ್ಳೆ ಎದ್ದಿತು. ತನ್ವೀರ, ಯಾರೋ ದೊಡ್ಡವರು ಬಂದಿರಬೇಕೆಂದು ಹಿಂದೆ ತಿರುಗಿ ನೋಡಿದ. ಅರ್ಧ ಲಂಗೋಟಿಯಲ್ಲಿ ಖಲಂದರ ಓಡಿಬಂದ.

"ಲೇ, ಏನ ಮಾಡಿದ್ಯೋ?"

"ಅಂಚು ನೋಡಾಕತ್ತಿದ್ನಿ."

"ಅಂಚು ನೋಡಿದನಂತ, ಮಗಾ! ಅದು ಮಹಾಲಿಂಗಪ್ಪ ಪೈಲ್ವಾನರ ರುಮಾಲು. ಎತ್ತಿದಂವ ಅವರ ಜೋಡಿ ಕುಸ್ತಿ ಹಿಡೀಬೇಕು!"

ಆ ಕಣದ ಕಟ್ಟಳೆಯನ್ನು ಖಲಂದರ ಏದುಸಿರಿನಲ್ಲೇ ಹೇಳಿದ. ಕುಸ್ತಿಯಿಂದ ನಿವೃತ್ತನಾಗಲು ನಿಂತ ಪೈಲ್ವಾನ ತನ್ನ ರುಮಾಲನ್ನು ಕಣದ ಅಂಚಿಗೆ ಹಾಸುತ್ತಾನೆ. ಎತ್ತಿದವನೇ ಅವನ ಕೊನೆಯ ಎದುರಾಳಿ, ಅಂದರೆ ಜೋಡಿ. ಸೋತರೂ ಗೆದ್ದರೂ ಆಮೇಲೆ ಆ ಜೋಡಿಯೇ ರುಮಾಲನ್ನು ಅವನ ತಲೆಗೆ ಸುತ್ತುತ್ತಾನೆ. ಅಲ್ಲಿಗೆ ಅವನು ಮರ್ಯಾದೆಯಿಂದ ಕಣ ಬಿಟ್ಟ ಹಾಗೆ. ಹೊತ್ತು ಮುಳುಗುವ ತನಕ ಯಾರೂ ಎತ್ತದಿದ್ದರೆ ಬರಿದಲೆಯಲ್ಲಿ ಮನೆಗೆ ಹೋಗಬೇಕು.

"ಮತ್ತ ನೀವು ಯಾರೂ ಯಾಕ ಎತ್ತಿಲ್ಲ?"

"ನಾವೆಲ್ಲ ಬೇಕಂತ ಬಿಟ್ಟೇವಿ. ಅವರ ಬಾಯಿ ಕೇಳೀಯೇನು ನೀ? ಹೋದ ವರ್ಷ ನಾ ಗೆದ್ದ ಬಂದ್ರ, ಮೈಕಿನ್ಯಾಗ ನನಗ 'ಹತ್ತಿ ತುಂಬಿದ ಚೀಲ' ಅಂದ್ರು. ಹಾನಗಲ್ಲಿನ ಹುಡುಗನ ತೊಡಿಗೆ ನುಗ್ಗಿಕಾಯಿ ಅಂದ್ರು. ಇರ್ಲಿ, ಈ ವರ್ಷ ಮಣ್ಣಾಗ ಬಿದ್ದಿರ್ಲಿ ಅಂತ ಮಾತಾಡ್ಕೊಂಡಿದ್ವಿ. ನೀ ಬಂದಿ ನೋಡು, ದೊಡ್ಡ ಶೂರ!"

ಅಷ್ಟರಲ್ಲಿ ಜನ ಎರಡು ಪಾಲಾಗಿ ದಾರಿ ಬಿಟ್ಟರು. ಅರವತ್ತು ದಾಟಿದ ಮಹಾಲಿಂಗಪ್ಪ ಬಂದರು. ಮೈ ಇನ್ನೂ ಗೋಡೆಯಂತಿತ್ತು. ಎಡಗಾಲನ್ನು ಮಾತ್ರ ಯಾರದೋ ಸಾಮಾನಿನ ಹಾಗೆ ಜೋಪಾನವಾಗಿ ಎತ್ತಿ ಇಡುತ್ತಿದ್ದರು. ಅವರು ತನ್ವೀರನ ತಲೆಯ ಮೇಲಿಂದ ಆಚೆ ನೋಡಿದರು.

"ಎಲ್ಲದಾನಂವ? ಯಾರು ಎತ್ತಿದ್ದು?"

"ಇಲ್ಲೇ ಅದೇನ್ರಿ," ಎಂದ ತನ್ವೀರ, ಅವರ ಎದೆಯ ಮಟ್ಟದಿಂದ.

ಮಹಾಲಿಂಗಪ್ಪ ಕೆಳಗೆ ನೋಡಿದರು. "ನೀನಾ? ನಿನ್ನ ಹಿಂದ ಯಾರೂ ಇಲ್ಲೇನು?"

"ಇಲ್ರಿ."

"ಎಷ್ಟ ತೂಕ ಅದೀಯೋ?"

"ಐವತ್ತೆರಡ್ರಿ."

"ಚಾಳೀಸ ಹಿಡದೋ, ಬಿಟ್ಟೋ?" ಎಂದು ಅವನ ಕನ್ನಡಕದತ್ತ ಬೆರಳು ಮಾಡಿದರು.

ಜನ ನಕ್ಕರು. ಮಹಾಲಿಂಗಪ್ಪನವರ ಮುಖ ಕೆಂಪಾಯಿತು. ಅವರನ್ನೇ ಅವಮಾನಿಸಲು ಊರ ಹುಡುಗರು ಈ ಕಡ್ಡಿಯನ್ನು ಕಳಿಸಿದ್ದಾರೆಂದು ಅವರಿಗೆ ಅನ್ನಿಸಿದ್ದು ಸ್ಪಷ್ಟವಾಗಿತ್ತು. ಆದರೆ ಮೀಸೆಯ ಕೆಳಗೆ ಇನ್ನೊಂದೂ ಇತ್ತು. ಬೆಳಗಿನಿಂದ ಬಿದ್ದಿದ್ದ ರುಮಾಲನ್ನು ಯಾರೋ ಎತ್ತಿದ್ದಾರೆ. ಅವರ ಕಣ್ಣು ಪದೇ ಪದೇ ತನ್ವೀರನ ಕೈಯ ಬಟ್ಟೆಗೆ ಹೋಗುತ್ತಿತ್ತು. "ಇರ್ಲಿ. ಮೈ ಬಿಚ್ಚಿ ಬಾ," ಎಂದು ಹೇಳಿ ತಿರುಗಿದರು.

ತನ್ವೀರ ನಿಜ ಹೇಳಿ ಕೈ ಮುಗಿಯಬೇಕೆಂದು ಬಾಯಿ ತೆರೆಯುವುದಕ್ಕೂ ಒಬ್ಬ ಹೆಂಗಸು ಅವನ ತೋಳು ಹಿಡಿದು ಪೆಂಡಾಲಿನ ಮರೆಗೆ ಎಳೆಯುವುದಕ್ಕೂ ಸರಿಹೋಯಿತು. ಮಹಾಲಿಂಗಪ್ಪನವರ ಹೆಂಡತಿ ಸರೋಜವ್ವ.

"ತಮ್ಮಾ, ಅಂಚು ನೋಡಾಕ ಎತ್ತಿದ್ನಿ ಅಂದಿದ್ದು ನನಗ ಕೇಳೇತಿ. ಅವರಿಗೆ ಕೇಳಿಲ್ಲ. ಕೇಳಿಸಬ್ಯಾಡ."

"ಅಕ್ಕಾರ, ನನಗ ಕುಸ್ತಿ ಬರೂದಿಲ್ರಿ."

"ಅದು ಕಾಣತೈತಿ. ಬರ್ಬೇಕಂತ ಯಾರ ಅಂದ್ರು? ಹೋಗಿ ಬೀಳು. ಹಾನಗಲ್ಲಿನ ಡಾಕ್ಟರು ಮೊಣಕಾಲ ನೋಡಿ, ಇನ್ನೊಂದ ಸಲ ಕಣಕ್ಕಿಳಿದ್ರ ನಡಿಯೂದ ಬಿಡ್ರಿ ಅಂದಾರ. ನಾ ಅತ್ತು ಕರದು ಆಣಿ ಮಾಡಿಸೇನಿ, ಯಾರರ ಎತ್ತಿದ್ರ ಅದ ಕಡೀದು ಅಂತ. ಯಾರೂ ಎತ್ತದಿದ್ರ ಮನಷ್ಯಾ ಸುಮ್ನಿರಾಂವಲ್ಲ. ಮುಂದಿನ ವರ್ಷ ಮತ್ತ ಹಾಸ್ತಾನ. ಅದರ ಮುಂದಿನ ವರ್ಷನೂ ಹಾಸ್ತಾನ. ನೀ ಎತ್ತೀದಿ. ದೇವರ ಕಳಿಸಿದಂಗ ಬಂದೀದಿ. ಈಗ ಹಿಂದ ಸರೀಬ್ಯಾಡಪಾ."

ಇಂಥ ಹೊತ್ತಿನಲ್ಲಿ ತನ್ವೀರ ಓದಿದ ನಾಯಕರು ಶೂನ್ಯವನ್ನು ದಿಟ್ಟಿಸುತ್ತಿದ್ದರು. ಅವನೂ ದಿಟ್ಟಿಸಲು ನೋಡಿದ. ಶೂನ್ಯ ಇರಬೇಕಾದ ಜಾಗದಲ್ಲಿ ಸರೋಜವ್ವನ ಮುಖ ಇತ್ತು, ಮತ್ತು ಅದು ಉತ್ತರ ಕೇಳುತ್ತಿತ್ತು. "ಬೀಳ್ತೇನ್ರಿ," ಅಂದ.

ಖಲಂದರ ತನ್ನ ಇನ್ನೊಂದು ಲಂಗೋಟಿ ಕೊಟ್ಟ. ಇಬ್ಬರು ತನ್ವೀರರಿಗೆ ಸಾಲುವಷ್ಟಿತ್ತು. ಅದನ್ನು ಒಂದು ಕೈಯಲ್ಲಿ ಹಿಡಿದುಕೊಂಡೇ ಅವನು ಕಣಕ್ಕಿಳಿದ. ಕನ್ನಡಕ ತೆಗೆದದ್ದರಿಂದ ಜನ ಮಸುಕಾಗಿದ್ದರು, ಆದರೆ ಅವರ ಮಾತು ಚೊಕ್ಕವಾಗಿ ಕೇಳುತ್ತಿತ್ತು.

"ಯಾರ ಹೊಲದ ಬೇಲಿ ಗೂಟ ಕಿತ್ತ ತಂದೀರಿ?"

"ಸವಣೂರ ರುಮಾಲಿನ ಅಂಗಡಿ ಸಾವಕಾರಂತ! ಪೈಲ್ವಾನರ, ಸಾವಕಾಶ ಹಿಡೀರಿ, ಮುರದ್ರ ಬದಲಿ ಸಿಗೂದಿಲ್ಲ!"

ಮಹಾಲಿಂಗಪ್ಪ ಮನಸ್ಸು ಮಾಡಿದ್ದರೆ ಕಣ್ಣು ಮಿಟುಕಿಸುವುದರಲ್ಲಿ ಮುಗಿಸಬಹುದಿತ್ತು. ಆದರೆ ಕಡೆಯ ಕುಸ್ತಿ. ಅಷ್ಟು ಬೇಗ ಮುಗಿಸಲು ಅವರಿಗೆ ಮನಸ್ಸಿರಲಿಲ್ಲ. ತಾವು ಕಲಿತದ್ದನ್ನೆಲ್ಲ ತನ್ವೀರನ ಮೇಲೆ ಒಂದೊಂದಾಗಿ ಬಿಚ್ಚಿ, ಅದರ ಹೆಸರನ್ನು ಜನರಿಗೆ ಕೂಗಿ ಹೇಳತೊಡಗಿದರು. "ನೋಡ್ರಿ, ಇದು ಕೈಂಚಿ!" ಎಂದು ಕಾಲುಗಳ ನಡುವೆ ಅವನ ಸೊಂಟ ಕತ್ತರಿಸಿದರು. ಬಟ್ಟೆ ಕತ್ತರಿಸುವ ಕೈಂಚಿ ನಮ್ಮ ಅಂಗಡಿಯಲ್ಲೂ ಇದೆ, ಯಾರೂ ಒಯ್ಯದಿರಲೆಂದು ಮೇಜಿಗೆ ದಾರ ಕಟ್ಟಿಟ್ಟಿದ್ದೇವೆ ಎಂದು ತನ್ವೀರ ನೆನೆದ. "ಇದು ಧೋಬಿ ಪಛಾಡ!" ಎಂದು ಅವನನ್ನು ಬೆನ್ನ ಮೇಲಿಂದ ಎತ್ತಿ, ಅಗಸ ಕಲ್ಲಿಗೆ ಬಟ್ಟೆ ಒಗೆಯುವಂತೆ ಒಗೆದು, ಬೆನ್ನು ನೆಲಕ್ಕೆ ತಾಗುವ ಮೊದಲೇ ಮತ್ತೆ ಹಿಡಿದುಕೊಂಡರು. ಕುಸ್ತಿಯವರು ನಮ್ಮ ಬಟ್ಟೆಯವರಿಂದ ಇಷ್ಟೊಂದು ಕಡ ತಂದಿದ್ದಾರೆ, ಪೇಚನ್ನೂ ತಂದಿರಲೇಬೇಕು! ಮಣ್ಣು ತುಂಬಿದ ಬಾಯಲ್ಲೂ ತನ್ವೀರನಿಗೆ ಸಂತೋಷವಾಯಿತು. ಲೇಖನದ ಹುಚ್ಚು ಅಂಥದ್ದು. ಅವರ ಕಂಕುಳ ಸಂದಿಯಿಂದಲೇ ಕೇಳಿದ.

"ಪೈಲ್ವಾನರ, ಪೇಚಿನ ಮೂಲ ಯಾವುದ್ರೀ?"

"ಮೂಲವ್ಯಾಧಿ ಐತೇನು ನಿನಗ? ಮದಲ ಹೇಳಾಕ ಏನಾಗಿತ್ತು? ಸಡಿಲ ಹಿಡೀತಿದ್ನಿ."

"ಅದಲ್ರಿ. ಪೇಚು ಅನ್ನೂ ಮಾತು. ಎಲ್ಲಿಂದ ಬಂತು?"

"ಎಲ್ಲಿಂದ ಬರತೈತಿ? ಬಂಕಾಪುರದ ಕ್ವಾಟ್ಯಾಗ ಹುಟ್ಟಿದ್ದು. ನಮ್ಮಜ್ಜನ ಗುರು ಹುಟ್ಟಿಸಿದ್ದು. ಅದಕ್ಕ ಮದಲ ಮಂದಿ ಬರೇ ದಬ್ಬತಿದ್ರು." ಸುಳ್ಳನ್ನು ಇಷ್ಟು ಘನತೆಯಿಂದ ಹೇಳಿದ್ದನ್ನು ತನ್ವೀರ ಯಾವ ಕಾದಂಬರಿಯಲ್ಲೂ ಓದಿರಲಿಲ್ಲ.

ಆ ಮಾತಿನ ಉಮೇದಿಯಲ್ಲಿ ಮಹಾಲಿಂಗಪ್ಪ ಅವನನ್ನು ಇನ್ನೊಮ್ಮೆ ಎತ್ತಲು ಎಡಗಾಲಿನ ಮೇಲೆ ಭಾರ ಬಿಟ್ಟರು. ಒಣ ಕಡ್ಡಿ ಮುರಿದಂತೆ ಸಣ್ಣ ಸಪ್ಪಳ. ಇಬ್ಬರಿಗೆ ಮಾತ್ರ ಕೇಳಿಸಿತು. ಗೋಡೆ ಕುಸಿಯಿತು. ಅವರ ತೋಳಿಗೆ ತೊಡರಿಕೊಂಡಿದ್ದ ತನ್ವೀರ ಅವರ ಎದೆಯ ಮೇಲೆಯೇ ಬಿದ್ದ. ಅವರ ಒಂದು ಭುಜ ಮಣ್ಣಿಗೆ ತಾಗಿತ್ತು, ಇನ್ನೊಂದು ನಾಲ್ಕು ಬೆರಳು ಮೇಲಿತ್ತು. ಎರಡೂ ತಾಗಿದರೆ ಸೋಲು. ತೀರ್ಪು ಕೊಡುವ ಪಂಚರು ಮೊಣಕಾಲೂರಿ ಬಗ್ಗಿ ನೋಡತೊಡಗಿದರು.

ತನ್ವೀರ ಏನೂ ಮಾಡದೆ ಸುಮ್ಮನೆ ಬಿದ್ದುಕೊಂಡಿದ್ದರೆ ಸಾಕಿತ್ತು, ಗೆಲ್ಲುತ್ತಿದ್ದ. ಏನೂ ಮಾಡದೆ ಬಿದ್ದುಕೊಳ್ಳುವುದು ಅವನಿಗೆ ಚೆನ್ನಾಗಿ ಬರುವ ಒಂದೇ ವಿದ್ಯೆ. ಆದರೆ ಒಂದು ಗೇಣು ದೂರದಲ್ಲಿ ಮಹಾಲಿಂಗಪ್ಪನವರ ಮುಖವಿತ್ತು. ಅದರ ಮೇಲೆ ಬೈಗುಳ ಇರಲಿಲ್ಲ, ಜಂಬ ಇರಲಿಲ್ಲ. ಇಡೀ ತಾಲೂಕಿನೆದುರು, ರುಮಾಲು ಮಾರುವ ಚಾಳೀಸಿನವನ ಕೆಳಗೆ ಬಿದ್ದು ಕುಸ್ತಿ ಮುಗಿಸಬೇಕಾದ ಮನುಷ್ಯನ ಹೆದರಿಕೆ ಮಾತ್ರ ಇತ್ತು.

ಸೋಲಬೇಕು ಎಂದುಕೊಂಡ ತನ್ವೀರ. ಆದರೆ ಕುಸ್ತಿ ಬಾರದವನಿಗೆ ಗೆಲ್ಲಲು ಬಾರದಿರುವಂತೆ ಸೋಲಲೂ ಬರುವುದಿಲ್ಲ. ಅವನು ಮಹಾಲಿಂಗಪ್ಪನವರ ಕೊರಳಿಗೆ ಕೈ ಹಾಕಿ ಎಳೆದ. ಅವರು ಅಲುಗಲಿಲ್ಲ. ಅವರ ಸೊಂಟದಡಿ ಕಾಲು ತೂರಿಸಿದ. ಕಾಲು ಅಲ್ಲೇ ಸಿಕ್ಕಿಕೊಂಡಿತು. ಸಿಕ್ಕಿದ ಕಾಲಿಗೆ ಇನ್ನೊಂದು ಕಾಲು ಸುತ್ತಿ, ಬೆನ್ನು ತಿರುಚಿ, ಆ ಕ್ವಿಂಟಲು ಭಾರವನ್ನು ತನ್ನ ಮೇಲೆ ಹೊರಳಿಸಿಕೊಳ್ಳಲು ಒದ್ದಾಡಿದ. ಜನ ಎದ್ದು ನಿಂತರು. ಇಂಥ ಹಿಡಿತವನ್ನು ಅವರು ಕಂಡಿರಲಿಲ್ಲ.

"ಅದ್ಯಾವ ಪೇಚೋ ಅದು?"

"ಸವಣೂರ ಪೇಚು! ಹಾಕೋ, ಸಾವಕಾರ, ಹಾಕು ಸವಣೂರ ಪೇಚು!"

ತನ್ವೀರ ಅವರ ಕಿವಿಯಲ್ಲಿ, "ಪೈಲ್ವಾನರ, ಸ್ವಲ್ಪ ನೀವೂ ಹೊರಳ್ರಿ, ಒಬ್ಬಂವನ ಕಡಿಂದ ಆಗವಲ್ದು" ಎಂದ. ಮಹಾಲಿಂಗಪ್ಪ ಒಂದು ಗಳಿಗೆ ಅವನನ್ನೇ ನೋಡಿದರು. ಆಮೇಲೆ ಒಳ್ಳೆಯ ಕಾಲನ್ನು ನೆಲಕ್ಕೆ ಒದ್ದರು. ಇಬ್ಬರೂ ಮಗುಚಿದರು. ತನ್ವೀರನ ಎರಡೂ ಭುಜ ಮಣ್ಣು ಮುಟ್ಟಿದವು. ಪಂಚರು ಮಹಾಲಿಂಗಪ್ಪನವರ ಬೆನ್ನು ತಟ್ಟಿದರು, ಹಲಗೆ ಮೊಳಗಿತು. ಉಸಿರಾಡಲು ಆಗದಿದ್ದರೂ ತನ್ವೀರನಿಗೆ ತಾನು ಬದುಕಿನಲ್ಲಿ ಮಾಡಿದ ಮೊದಲ ಪೂರ್ಣ ಕೆಲಸ ಇದೇ ಎನ್ನಿಸಿತು.

ಇಬ್ಬರು ಹಿಡಿದು ಮಹಾಲಿಂಗಪ್ಪನವರನ್ನು ಎಬ್ಬಿಸಿ ನಿಲ್ಲಿಸಿದರು. ಕಟ್ಟಳೆಯಂತೆ ತನ್ವೀರ ರುಮಾಲು ಸುತ್ತತೊಡಗಿದ.

"ಯಾಕ ಬಿಟ್ಟಿ?" ಎಂದು ಅವರು ತುಟಿ ಅಲುಗಿಸದೆ ಕೇಳಿದರು.

"ನನಗ ಹಿಡಿಯಾಕ ಬರತಿದ್ರಲ್ರಿ, ಬಿಡೂದು?"

"ಹೌದ, ಅದು ಖರೆ," ಎಂದು ಮಹಾಲಿಂಗಪ್ಪ ಸಮಾಧಾನಪಟ್ಟುಕೊಂಡರು. ಸಮಾಧಾನ ಅಗತ್ಯಕ್ಕಿಂತ ಹೆಚ್ಚಾಯಿತು. ಯಾರೋ ಮೈಕು ತಂದು ಅವರ ಮುಂದೆ ಹಿಡಿದರು, ಜನ ಇನ್ನೂ ಶಿಳ್ಳೆ ಹೊಡೆಯುತ್ತಿದ್ದರು. ಅರ್ಧ ಸುತ್ತಿದ ರುಮಾಲಿನಲ್ಲಿ ಅವರ ಎದೆ ಉಬ್ಬುತ್ತ ಹೋಯಿತು.

"ನೋಡಿದ್ರೆಲ್ಲೋ? ಸವಣೂರ ಪೇಚು ಅಂತ, ಹೊಸಾದು. ಅದರಾಗಿಂದನೂ ಎದ್ದ ಬಂದೇನಿ! ಈ ಎದಿಯಾಗ ಇನ್ನೂ ಹತ್ತ ವರ್ಷ ಐತಿ. ಬಿಡ್ತೇನಿ ಅಂದಿದ್ನಲ್ಲ, ಆ ಮಾತ ಹಿಂದ ತಗೊಂಡೇನಿ. ಮುಂದಿನ ವರ್ಷ ಯಾಕ? ಈಗ ಬರ್ರಿ, ಹತ್ತಿ ಚೀಲಗಳ್ರ್ಯಾ!" ಎಂದವರೇ ತಲೆಯ ಮೇಲಿನ ರುಮಾಲು ಕಿತ್ತು ನೆಲಕ್ಕೆ ಒಗೆದರು.

ತನ್ವೀರ ಸರೋಜವ್ವನ ಕಡೆ ನೋಡಿದ. ಆಕೆ ಅವನನ್ನು ನೋಡುತ್ತಿದ್ದ ರೀತಿಗೆ ಕನ್ನಡಕ ಬೇಕಾಗಿರಲಿಲ್ಲ. 'ನಿನಗ ಬೀಳು ಅಂದಿದ್ನಿ, ಇವರನ್ನ ಇಷ್ಟು ಉಬ್ಬಿಸು ಅಂದಿದ್ನೇನು?' ಅನ್ನುವಂತಿತ್ತು ಆ ನೋಟ. ಅವನ ಇಡೀ ತ್ಯಾಗ ಒಬ್ಬ ಮುದುಕನನ್ನು ಇನ್ನೂ ಹತ್ತು ವರ್ಷ ಕಣಕ್ಕೆ ತಳ್ಳಿತ್ತು. ಆಚೆ ಬದಿಯಲ್ಲಿ ಖಲಂದರ ಎದ್ದು ನಿಂತಿದ್ದ. 'ಹತ್ತಿ ಚೀಲ' ಎಂಬ ಮಾತು ಎರಡನೆಯ ವರ್ಷವೂ ಮೈಕಿನಲ್ಲಿ ಬಂದಿತ್ತು. ಅವನ ದವಡೆ ಬಿಗಿದಿತ್ತು. ಅವನು ರುಮಾಲಿನ ಕಡೆ ಹೆಜ್ಜೆ ಹಾಕಿದ. ಅವನು ಎತ್ತಿದರೆ ಆ ಮೊಣಕಾಲಿನ ಕಥೆ ಇಂದೇ ಮುಗಿಯುತ್ತಿತ್ತು. ತನ್ವೀರ ಅಡ್ಡ ಹೋಗಬೇಕೆಂದು ಓಡಿದ, ಲಂಗೋಟಿ ಜಾರಿತು, ನಿಂತು ಅದನ್ನು ಹಿಡಿದುಕೊಂಡ.

ಅಷ್ಟರಲ್ಲಿ ಸರೋಜವ್ವ ಸೆರಗು ಸೊಂಟಕ್ಕೆ ಸಿಗಿಸಿ ಕಣದೊಳಗೆ ಬಂದು, ಬಗ್ಗಿ, ರುಮಾಲು ಎತ್ತಿದಳು.

ಹಲಗೆಯವನು ಕೋಲು ಎತ್ತಿದವನು ಹಾಗೇ ನಿಂತ. ಇದಕ್ಕೆ ಯಾವ ಬಡಿತವೆಂದು ಅವನಿಗೆ ಯಾರೂ ಕಲಿಸಿರಲಿಲ್ಲ.

"ಏ, ಏನಿದು?" ಎಂದರು ಮಹಾಲಿಂಗಪ್ಪ.

"ಎತ್ತೇನಿ."

"ಇದು ಹೆಣ್ಮಕ್ಕಳು ಎತ್ತೂದಲ್ಲ."

"ಹಂಗಂತ ಪಂಚರು ಹೇಳ್ಲಿ."

ಪಂಚರು ಮೋಡ ನೋಡುತ್ತಿದ್ದರು.

"ಬರ್ರಿ, ಹಿಡೀರಿ," ಎಂದಳು ಸರೋಜವ್ವ. "ಇಷ್ಟ ವರ್ಷ ಮನ್ಯಾಗ ಹಿಡದೇವಿ, ಇವತ್ತ ಮಂದಿ ಮುಂದ ಆಗ್ಲಿ. ಯಾವ ಕಾಲ ಹಿಡೀಬೇಕು ಅನ್ನೂದು ನನಗ ಗೊತ್ತೈತಿ. ರಾತ್ರಿ ಎಣ್ಣಿ ತಿಕ್ಕಾಕಿ ನಾನ."

ಜನ ನಕ್ಕರು, ಆಮೇಲೆ ನಗುವುದನ್ನು ಬಿಟ್ಟರು. ಮಹಾಲಿಂಗಪ್ಪ ಒಂದು ಕಾಲಿನ ಮೇಲೆ ನಿಂತಿದ್ದರು. ಹಿಡಿದಿದ್ದವರ ಕೈ ಬಿಡಿಸಿಕೊಂಡು, ಕುಂಟುತ್ತ ಹೆಂಡತಿಯ ಹತ್ತಿರ ಬಂದು, ಹಿಡಿಯಲೆಂದು ಕೈ ಚಾಚಿದರು. ಕೈ ಆಕೆಯ ಹೆಗಲ ಮೇಲೆ ಕುಳಿತು ಅಲ್ಲೇ ಭಾರ ಬಿಟ್ಟಿತು.

"ನಿನ್ನ ಜೋಡಿ ನಾ ಹಿಡಿಯಂಗಿಲ್ಲ. ಸೋತೇನಿ ಅಂತ ತಿಳ್ಕೋ."

"ನಾ ತಿಳ್ಕೊಂಡು ಏನ ಮಾಡ್ಲಿ? ಮೈಕಿನ್ಯಾಗ ಹೇಳ್ರಿ."

ಅವರು ಮೈಕಿನ ಕಡೆ ನೋಡಿದರು. ಖಲಂದರನೇ ಅದನ್ನು ತಂದು ಹಿಡಿದ. ಅವನ ದವಡೆ ಸಡಿಲಾಗಿತ್ತು. "ಸೋತೇನಿ," ಎಂದರು ಮಹಾಲಿಂಗಪ್ಪ, ಅವರ ದನಿಯಲ್ಲಿ ಯಾರೂ ಕೇಳಿರದಷ್ಟು ಮೆಲ್ಲಗೆ. "ಇನ್ನ ಕಣಕ್ಕ ಬರೂದಿಲ್ಲ."

ಸರೋಜವ್ವ ರುಮಾಲನ್ನು ನೋಡಿದಳು. ಎರಡು ಸಲ ನೆಲಕ್ಕೆ ಬಿದ್ದು ಕೆಂಪಾಗಿತ್ತು. "ತಮ್ಮಾ, ಆ ಕಡೆ ತುದಿ ಹಿಡಿ," ಎಂದು ತನ್ವೀರನನ್ನು ಕರೆದಳು. ಲಂಗೋಟಿಯನ್ನು ಒಂದು ಕೈಯಲ್ಲಿ, ರುಮಾಲಿನ ತುದಿಯನ್ನು ಇನ್ನೊಂದು ಕೈಯಲ್ಲಿ ಹಿಡಿದು ಅವನು ದೂರ ಸರಿದ. ಇಬ್ಬರೂ ಝಾಡಿಸಿದರು, ಮಣ್ಣು ಉದುರಿತು. ಎತ್ತಿದವಳೇ ಸುತ್ತಬೇಕು, ಹಾಗಾಗಿ ಆಕೆಯೇ ಸುತ್ತಿದಳು. ಯಾವತ್ತೂ ಸುತ್ತಿದವಳಲ್ಲ. ಮೊದಲ ಸುತ್ತು ಹುಬ್ಬಿಗಿಳಿಯಿತು, ಎರಡನೆಯದು ಕಿವಿ ಮುಚ್ಚಿತು. ತನ್ವೀರನ ಬೆರಳುಗಳು ತಿದ್ದಲು ಎದ್ದವು. ಅವನು ಅವನ್ನು ಹಿಡಿದಿಟ್ಟುಕೊಂಡ.

"ಏ ಸಾವಕಾರ, ರುಮಾಲಿನಂವ ನೀ," ಎಂದರು ಮಹಾಲಿಂಗಪ್ಪ, ಬಟ್ಟೆಯ ಕೆಳಗಿಂದ ಒಂದೇ ಕಣ್ಣಲ್ಲಿ ನೋಡುತ್ತ. "ಹೆಂಗೈತಿ?"

ಅಂಗಡಿಯಲ್ಲಿ ಈ ಪ್ರಶ್ನೆಗೆ ತನ್ವೀರ ಎಲ್ಲ ಗಿರಾಕಿಗಳಿಗೂ ಒಂದೇ ಸುಳ್ಳು ಹೇಳುತ್ತಿದ್ದ.

"ಸೊಟ್ಟಗೈತ್ರಿ."

"ಇರ್ಲಿ ಬಿಡು," ಎಂದು ಮಹಾಲಿಂಗಪ್ಪ ಹೆಂಡತಿಯ ಹೆಗಲು ಬಿಡದೆ ಕಣದ ಹೊರಗೆ ಕಾಲಿಟ್ಟರು. "ಬಿಚ್ಚಿ ಮತ್ತ ಕಟ್ಟೂತನಕ ಆಕಿ ನಿಂದರೂದಿಲ್ಲ. ಮನ್ಯಾಗ ಎಮ್ಮಿ ಹಿಂಡೂದೈತಿ."